ಸಂಚಿ ಹಿಡಿದ ಹೊನ್ನಮ್ಮ

ಮೈಸೂರಿನಿಂದ ಊಟಿಗೆ ಹೋಗುವ ಹೆದ್ದಾರಿಯಲ್ಲಿ ಗುಂಡ್ಲುಪೇಟೆ ದಾಟಿ ಬಂಡೀಪುರದ ಕಾಡಿನ ಕಡೆಗೆ ಮುಖ ಮಾಡಿದರೆ ಹಂಗಳ ಎಂಬ ಊರು ಸಿಗುತ್ತದೆ. ಹಿಮವದ್ ಗೋಪಾಲಸ್ವಾಮಿ ಬೆಟ್ಟಕ್ಕೆ ದಾರಿ ಕವಲೊಡೆಯುವುದು ಇಲ್ಲೇ. ಹುಲಿ, ಆನೆ ನೋಡುವ ಆತುರದಲ್ಲಿರುವ ಪ್ರವಾಸಿಗರು ಈ ಊರನ್ನು ಗಮನಿಸುವುದಿಲ್ಲ. ಆದರೆ ಹದಿನೇಳನೆಯ ಶತಮಾನದಲ್ಲಿ ಮೈಸೂರಿನ ಸಿಂಹಾಸನಕ್ಕೆ ಹಕ್ಕುದಾರನಾಗಿದ್ದ ತರುಣನೊಬ್ಬ ಇಲ್ಲಿ ನಿರ್ಬಂಧದಲ್ಲಿ ದಿನ ಕಳೆದಿದ್ದ. ಅದಕ್ಕೂ ಮುಂಚೆ ಅವನ ಯೌವನದ ಬಹುಪಾಲು ಯಳಂದೂರಿನಲ್ಲಿ, ಯಾರ ಕಣ್ಣಿಗೂ ಬೀಳದಂತೆ ಕಳೆದಿತ್ತು ಎಂದು ಇತಿಹಾಸಕಾರ ಮಾರ್ಕ್ ವಿಲ್ಕ್ಸ್ ಬರೆದಿದ್ದಾನೆ. ಆ ತರುಣನೇ 1673ರಲ್ಲಿ ಪಟ್ಟಕ್ಕೆ ಬಂದು 1704ರವರೆಗೆ ಆಳಿದ ಚಿಕ್ಕದೇವರಾಜ ಒಡೆಯರು.

ಹೀಗೆ ಮೂಲೆಗುಂಪಾಗಿದ್ದ ಕಾಲದಲ್ಲಿ ಕಟ್ಟಿಕೊಂಡ ನಂಟುಗಳು ರಾಜನಾದ ಮೇಲೂ ಅವರನ್ನು ಬಿಡಲಿಲ್ಲ. ಹಂಗಳದ ನಿರ್ಬಂಧದಲ್ಲಿ ಜೊತೆಗಿದ್ದ ಯಳಂದೂರಿನ ಜೈನ ವಿದ್ವಾಂಸ ವಿಶಾಲಾಕ್ಷ ಪಂಡಿತ ಮೊದಲ ಮಂತ್ರಿಯಾದ. ಯಳಂದೂರಿನ ಪಾಳೆಯಗಾರರ ಮನೆತನದ ದೇವಾಜಮ್ಮಣ್ಣಿ ಪಟ್ಟದ ರಾಣಿಯಾದರು. ತಂದೆಯ ನೆನಪಿಗಾಗಿ ಚಿಕ್ಕದೇವರಾಜರು ಗುಂಡ್ಲುಪೇಟೆಯಲ್ಲಿ ಪರವಾಸುದೇವ ದೇವಾಲಯವನ್ನು ಕಟ್ಟಿಸಿದರು. ಇಂದಿನ ಚಾಮರಾಜನಗರ ಜಿಲ್ಲೆಯ ಈ ಕಾಡಂಚಿನ ನಾಡಿಗೂ ಕಾವೇರಿಯ ನಡುಗಡ್ಡೆಯ ರಾಜಧಾನಿ ಶ್ರೀರಂಗಪಟ್ಟಣಕ್ಕೂ ಆಗ ಬಿದ್ದ ಗಂಟು ಗಟ್ಟಿಯಾದದ್ದು. ಅದೇ ದಾರಿ ಹಿಡಿದು, ರಾಣಿಯ ಪರಿವಾರದ ಜೊತೆಯಲ್ಲಿ, ಇನ್ನೊಬ್ಬಳೂ ಯಳಂದೂರಿನಿಂದ ಅರಮನೆ ಸೇರಿದಳು. ಅವಳ ಹೆಸರು ಹೊನ್ನಮ್ಮ. ಅವಳ ಕೆಲಸ ರಾಣಿಯ ಎಲೆಯಡಿಕೆಯ ಸಂಚಿಯನ್ನು ಹಿಡಿದು ನಿಲ್ಲುವುದು.

ಮಂತ್ರಿಗಳ, ದಳವಾಯಿಗಳ ಹೆಸರುಗಳನ್ನು ಇತಿಹಾಸದ ಪುಸ್ತಕಗಳಲ್ಲಿ ಹುಡುಕಬೇಕು. ಸಂಚಿ ಹಿಡಿದವಳ ಹೆಸರು ಕನ್ನಡ ಕಲಿತ ಮಕ್ಕಳಿಗೂ ಗೊತ್ತು. ಇದು ಹೇಗಾಯಿತು ಎಂಬುದು ತಿಳಿಯಬೇಕಾದ ಸಂಗತಿ.

ಹೊನ್ನುಹೊಳೆಯ ದಡದ ಊರು

ಬಿಳಿಗಿರಿರಂಗನ ಬೆಟ್ಟದ ತಪ್ಪಲಿನಲ್ಲಿರುವ ಯಳಂದೂರು ಚಿಕ್ಕ ಊರು. ಅದರ ಬದಿಯಲ್ಲಿ ಹರಿಯುವ ಸುವರ್ಣಾವತಿಯನ್ನು ಜನ ಹೊನ್ನುಹೊಳೆ ಎನ್ನುತ್ತಾರೆ. ಹದಿನಾಡು ಎಂಬ ಸಣ್ಣ ಸಂಸ್ಥಾನದ ಪಾಳೆಯಗಾರರು ಇಲ್ಲಿಂದ ಆಳಿದರು. ಅವರ ಕಾಲದ ಗೌರೀಶ್ವರ ದೇವಾಲಯದ ಬಳೆಮಂಟಪದಲ್ಲಿ ಕಲ್ಲಿನಿಂದಲೇ ಕಡೆದ ಬಳೆಗಳ ಸರಪಣಿಗಳು ತೂಗಾಡುತ್ತವೆ. ಕಲ್ಲನ್ನು ಹೀಗೆ ಸರಪಣಿಯಾಗಿಸಬಲ್ಲ ಕುಶಲಿಗಳು ಇದ್ದ ಊರಿನಲ್ಲಿ ಮಾತನ್ನು ಪದ್ಯವಾಗಿಸಬಲ್ಲವರೂ ಇದ್ದರು. 'ರಾಜಶೇಖರ ವಿಳಾಸ' ಬರೆದ ಷಡಕ್ಷರದೇವ ಹುಟ್ಟಿದ್ದು ಧನಗೂರಿನಲ್ಲಾದರೂ ಅವನ ಮಠ ಹಾಗೂ ಗದ್ದುಗೆ ಇರುವುದು ಯಳಂದೂರಿನಲ್ಲಿ. ಹದಿನೇಳನೆಯ ಶತಮಾನದ ನಡುಭಾಗದಲ್ಲಿ ಅವನು ಹಳೆಯ ಚಂಪೂ ಮಾರ್ಗವನ್ನು ಮತ್ತೆ ಎತ್ತಿ ನಿಲ್ಲಿಸಿದ. ಪ್ರೌಢ ಸಂಸ್ಕೃತ ಪದಗಳು, ದೀರ್ಘ ವರ್ಣನೆಗಳು, ಶ್ಲೇಷೆ, ಯಮಕ ಇವೆಲ್ಲ ತುಂಬಿದ ಪಂಡಿತರ ಕಾವ್ಯ ಅದು.

ಒಂದೇ ಊರು, ಹೆಚ್ಚುಕಡಿಮೆ ಒಂದೇ ಕಾಲ. ಆದರೆ ಹೊನ್ನಮ್ಮ ಹಿಡಿದ ದಾರಿ ಬೇರೆ. ಅವಳು ಮಠದಲ್ಲಿ ಕಲಿತವಳಲ್ಲ, ಪಂಡಿತರ ಗಾದಿಯಲ್ಲಿ ಕೂತವಳೂ ಅಲ್ಲ. ಊಳಿಗದವರ ನಡುವೆ ಬೆಳೆದವಳು. ಅವಳ ಹೆಸರಿಗೆ ಅವಳ ಕೆಲಸವೇ ಅಂಟಿಕೊಂಡು 'ಸಂಚಿಯ ಹೊನ್ನಮ್ಮ' ಆದದ್ದನ್ನು ನೋಡಿದರೆ ಇದು ತಿಳಿಯುತ್ತದೆ. ಅರಮನೆಯ ಪಂಡಿತರು ತಮ್ಮ ಗೋತ್ರ, ಸೂತ್ರ, ಗುರುಪರಂಪರೆಗಳನ್ನು ಹೇಳಿಕೊಂಡು ಕಾವ್ಯ ಆರಂಭಿಸುತ್ತಿದ್ದ ಕಾಲದಲ್ಲಿ ಒಂದು ಬಟ್ಟೆಯ ಚೀಲವೇ ಅವಳ ಗುರುತಾಯಿತು.

ಸಂಚಿ ಎಂದರೆ

ಇಂದಿನ ಓದುಗರಿಗೆ ಸಂಚಿಯ ಪರಿಚಯ ಕಡಿಮೆ. ಹಳ್ಳಿಯ ಹಿರಿಯರ ಸೊಂಟದಲ್ಲಿ ಈಗಲೂ ಅಲ್ಲಲ್ಲಿ ಕಾಣುವ, ಒಳಗೆ ನಾಲ್ಕಾರು ಅರೆಗಳಿರುವ ಬಟ್ಟೆಯ ಚೀಲ ಅದು. ಎಲೆಗೊಂದು ಅರೆ, ಅಡಿಕೆಗೊಂದು, ಸುಣ್ಣದ ಡಬ್ಬಿಗೊಂದು, ಲವಂಗ ಏಲಕ್ಕಿಗಳಿಗೆ ಮತ್ತೊಂದು. ಬಾಯಿಗೆ ಕಟ್ಟಿದ ದಾರವನ್ನು ಎಳೆದರೆ ಎಲ್ಲವೂ ಒಟ್ಟಿಗೆ ಮುಚ್ಚಿಕೊಳ್ಳುತ್ತವೆ. ಅರಮನೆಗಳಲ್ಲಿ ಇದೇ ಒಂದು ಹುದ್ದೆಯಾಗಿತ್ತು. ಹಳೆಗನ್ನಡದಲ್ಲಿ ಇದಕ್ಕೆ ಅಡಪ, ಹಡಪ ಎಂಬ ಹೆಸರುಗಳಿವೆ.

ತಾಂಬೂಲ ಮಡಿಸಿ ಕೊಡುವವರು ಒಡೆಯನ ಕೈಯಳತೆಯಲ್ಲೇ ಇರಬೇಕು. ಊಟವಾದ ಮೇಲೆ, ಮಾತುಕತೆಯ ನಡುವೆ, ಸಂಗೀತ ಸಾಹಿತ್ಯಗಳ ಗೋಷ್ಠಿಯಲ್ಲಿ ಅವರು ಹತ್ತಿರವೇ ನಿಂತಿರಬೇಕು. ಅವರು ಮಾತನಾಡುವಂತಿಲ್ಲ, ಆದರೆ ಎಲ್ಲವೂ ಅವರ ಕಿವಿಗೆ ಬೀಳುತ್ತದೆ. ರಾಜ ರಾಣಿಯರಿಗೆ ಪುರಾಣ ಹೇಳುವ ಪಂಡಿತರ ಮಾತು, ಹೊಸ ಕಾವ್ಯದ ವಾಚನ, ಅರ್ಥದ ಬಗ್ಗೆ ಎದ್ದ ವಾದ ಇವೆಲ್ಲವನ್ನೂ ಸಂಚಿಯವರು ಕೇಳಿಸಿಕೊಳ್ಳುತ್ತಾರೆ. ಮರೆವು ಇರುವವರಿಗೆ ಅದು ಗಾಳಿಯಲ್ಲಿ ಹೋದ ಮಾತು. ಕೇಳಿದ್ದು ಮನಸ್ಸಿನಲ್ಲಿ ನಿಲ್ಲುವವರಿಗೆ ಅದೇ ಪಾಠಶಾಲೆ.

ಕನ್ನಡದಲ್ಲಿ ಇಂಥ ಉದಾಹರಣೆ ಇದೇ ಮೊದಲಲ್ಲ. ಹನ್ನೆರಡನೆಯ ಶತಮಾನದ ಕಲ್ಯಾಣದಲ್ಲಿ ಬಸವಣ್ಣನವರ ಹಡಪ ಹಿಡಿದಿದ್ದ ಅಪ್ಪಣ್ಣ ವಚನಕಾರನಾದ. ಅವನ ಹೆಂಡತಿ ಲಿಂಗಮ್ಮನೂ ವಚನಗಳನ್ನು ರಚಿಸಿದಳು. ಮಹಾಮನೆಯ ಅನುಭವದ ಮಾತುಗಳು ಹಡಪ ಹಿಡಿದವನ ಕಿವಿಯಲ್ಲಿ ವ್ಯರ್ಥವಾಗಲಿಲ್ಲ. ಐದುನೂರು ವರ್ಷಗಳ ನಂತರ ಶ್ರೀರಂಗಪಟ್ಟಣದ ಅರಮನೆಯಲ್ಲಿ ಅದೇ ಬಗೆಯ ಕೆಲಸ ಮಾಡುತ್ತಿದ್ದ ಹೊನ್ನಮ್ಮನ ಕಿವಿಯಲ್ಲೂ ವ್ಯರ್ಥವಾಗಲಿಲ್ಲ. ಒಂದು ವ್ಯತ್ಯಾಸವಿದೆ. ಕಲ್ಯಾಣದಲ್ಲಿ ಹಡಪದವನಿಗೂ ಸಭೆಯಲ್ಲಿ ಮಾತಿನ ಹಕ್ಕಿತ್ತು. ಅರಮನೆಯಲ್ಲಿ ಸಂಚಿಯವಳಿಗೆ ಆ ಹಕ್ಕನ್ನು ಯಾರಾದರೂ ಕೊಡಿಸಬೇಕಿತ್ತು.

ಅದನ್ನು ಕೊಡಿಸಿದವರು ರಾಣಿ ದೇವಾಜಮ್ಮಣ್ಣಿ. ತನ್ನ ಸೇವಕಿಯ ಕವಿತಾಶಕ್ತಿಯನ್ನು ಕಂಡ ರಾಣಿ ಅದನ್ನು ರಾಜರ ಗಮನಕ್ಕೆ ತಂದರು. ರಾಜಾಶ್ರಯದಲ್ಲಿ ಹುಟ್ಟಿದ ಆ ಕೃತಿಯೇ 'ಹದಿಬದೆಯ ಧರ್ಮ'. ಅವಳ ವಿದ್ಯೆಗೆ ಬೆನ್ನೆಲುಬಾಗಿ ನಿಂತವನು ಅಳಸಿಂಗರಾರ್ಯ. ಇವನೇ ಮಂತ್ರಿ ತಿರುಮಲಾರ್ಯನ ತಮ್ಮ ಸಿಂಗರಾರ್ಯ. ಹರ್ಷನ 'ರತ್ನಾವಳಿ'ಯನ್ನು ಅನುಸರಿಸಿ ಇವನು ಬರೆದ 'ಮಿತ್ರವಿಂದಾ ಗೋವಿಂದ' ಇಂದು ಸಿಗುವ ಕನ್ನಡ ನಾಟಕಗಳಲ್ಲಿ ಅತ್ಯಂತ ಹಳೆಯದು. ಇಂಥವನ ಮೆಚ್ಚುಗೆ ಊಳಿಗದವಳೊಬ್ಬಳಿಗೆ ಸಿಕ್ಕಿದ್ದು ಸಣ್ಣ ಮಾತಲ್ಲ. 'ಸರಸ ಸಾಹಿತ್ಯದ ವರದೇವತೆ' ಎಂಬ ಹೊಗಳಿಕೆ ಇಂದಿಗೂ ಹೊನ್ನಮ್ಮನ ಹೆಸರಿನ ಜೊತೆಯಲ್ಲೇ ಇದೆ.

ಬಾಯಿಪಾಠದ ಛಂದಸ್ಸು

ಚಿಕ್ಕದೇವರಾಜರ ಆಸ್ಥಾನದಲ್ಲಿ ಬರವಣಿಗೆ ದೊಡ್ಡ ಉದ್ಯಮವಾಗಿತ್ತು. ಆಡಳಿತವನ್ನು ಹದಿನೆಂಟು ಚಾವಡಿಗಳಾಗಿ ವಿಂಗಡಿಸಿದ ಅರಸರ ಕಾಲ ಅದು. ಲೆಕ್ಕಪತ್ರ ಬರೆಯುವವರು ಹುಣಸೆಬೀಜದ ಸರಿಗೆ ಇದ್ದಿಲು ಬೆರೆಸಿ ಬಟ್ಟೆಗೆ ಬಳಿದು ಮಾಡಿದ ಕಡತಗಳ ಮೇಲೆ ಬಳಪದಿಂದ ಬರೆಯುತ್ತಿದ್ದರು. ಕವಿಗಳ ಕೃತಿಗಳು ಓಲೆಗರಿಗೆ ಏರುತ್ತಿದ್ದವು. ತಿರುಮಲಾರ್ಯ ರಾಜವಂಶದ ಚರಿತ್ರೆ ಬರೆದ. ಚಿಕುಪಾಧ್ಯಾಯ ಹತ್ತಾರು ಪುರಾಣ ಮಾಹಾತ್ಮ್ಯೆಗಳನ್ನು ಕನ್ನಡಿಸಿದ. 'ಚಿಕದೇವರಾಜ ಬಿನ್ನಪ', 'ಗೀತಗೋಪಾಲ'ಗಳು ರಾಜರ ಹೆಸರಿನಲ್ಲಿಯೇ ಇವೆ. ಈ ಎಲ್ಲ ಬರಹದ ಕೋಣೆಗಳಲ್ಲಿ ಇದ್ದವರು ಹೆಚ್ಚಾಗಿ ಗಂಡಸರು. ಹೆಂಗಸರ ಪೈಕಿ 'ಪದ್ಮಿನೀ ಕಲ್ಯಾಣ' ಬರೆದ ಶೃಂಗಾರಮ್ಮ ಮತ್ತು ಹೊನ್ನಮ್ಮ ಆ ಕಾಲದಿಂದ ನಮಗೆ ಸಿಗುವ ಹೆಸರುಗಳು.

ಇಬ್ಬರೂ ಆರಿಸಿಕೊಂಡದ್ದು ಸಾಂಗತ್ಯ. ಈ ಆಯ್ಕೆಯಲ್ಲಿ ಒಂದು ಅರ್ಥವಿದೆ. ಸಾಂಗತ್ಯವೆಂದರೆ ನಾಲ್ಕು ಸಾಲಿನ ಹಾಡುಗಬ್ಬ. ಒಂದು ಉದ್ದ ಸಾಲು, ಅದರ ಬೆನ್ನಿಗೆ ಒಂದು ಗಿಡ್ಡ ಸಾಲು, ಮತ್ತೆ ಹಾಗೆಯೇ ಇನ್ನೊಂದು ಜೋಡಿ. ನಾಲ್ಕೂ ಸಾಲುಗಳ ಎರಡನೆಯ ಅಕ್ಷರ ಒಂದೇ ಆಗಿರಬೇಕೆಂಬ ಪ್ರಾಸದ ನಿಯಮವಿದೆ. ಮೊದಲ ಸಾಲು ನೆನಪಾದರೆ ಎರಡನೆಯ ಸಾಲಿನ ಬಾಗಿಲು ಆ ಅಕ್ಷರದಿಂದಲೇ ತೆರೆದುಕೊಳ್ಳುತ್ತದೆ. ಉದ್ದ ಸಾಲಿನಲ್ಲಿ ಎತ್ತಿದ ಮಾತು ಗಿಡ್ಡ ಸಾಲಿನಲ್ಲಿ ಇಳಿದು ನಿಲ್ಲುತ್ತದೆ. ಪುಸ್ತಕವಿಲ್ಲದ ಮನೆಗಳಲ್ಲಿ ಪದ್ಯ ಉಳಿಯಲು ಇದಕ್ಕಿಂತ ಒಳ್ಳೆಯ ಉಪಾಯ ಇನ್ನೊಂದಿಲ್ಲ. ರತ್ನಾಕರವರ್ಣಿಯ 'ಭರತೇಶ ವೈಭವ', ಕನಕದಾಸರ 'ಮೋಹನತರಂಗಿಣಿ' ಜನರ ನಾಲಗೆಗೆ ಹತ್ತಿರವಾದದ್ದು ಇದೇ ಛಂದಸ್ಸಿನಿಂದ.

'ಹದಿಬದೆಯ ಧರ್ಮ'ದಲ್ಲಿ ಒಂಬತ್ತು ಸಂಧಿಗಳಿವೆ, ಐದುನೂರಕ್ಕೆ ಸ್ವಲ್ಪ ಕಡಿಮೆ ಪದ್ಯಗಳಿವೆ. ಅಕ್ಷರ ಬಾರದ ಹೆಂಗಸರೂ ಕೇಳಿ ಕಲಿಯಬಹುದಾದ ಅಳತೆ ಅದು. ಬೀಸುವ ಕಲ್ಲಿನ ಮುಂದೆ ಕೂತು ಹಾಡುವ ಪದಗಳು, ಮದುವೆಯ ಮನೆಯ ಸೋಬಾನೆ ಪದಗಳು ಹೆಂಗಸರಿಂದ ಹೆಂಗಸರಿಗೆ ಹೀಗೆಯೇ ದಾಟಿ ಬಂದವು. ನಮ್ಮ ಕಾಲದಲ್ಲಿ ಅಂಕೋಲೆಯ ಬಡಿಗೇರಿಯ ಸುಕ್ರಿ ಬೊಮ್ಮಗೌಡ ಅಕ್ಷರ ಕಲಿಯದೆಯೇ ಸಾವಿರಾರು ಹಾಡುಗಳನ್ನು ನೆನಪಿನಲ್ಲಿ ಇಟ್ಟುಕೊಂಡಿದ್ದರು. ಸಾರಾಯಿಯ ವಿರುದ್ಧ ಹಾಲಕ್ಕಿ ಹೆಂಗಸರನ್ನು ಕಟ್ಟಿಕೊಂಡು ಹೋರಾಡಿದವರೂ ಅವರೇ. 2017ರಲ್ಲಿ ಅವರಿಗೆ ಪದ್ಮಶ್ರೀ ಬಂತು. 2025ರಲ್ಲಿ ಅವರು ತೀರಿಕೊಂಡರು. ನೆನಪು, ಹಾಡು, ಸಮಾಜದ ಕಾಳಜಿ ಈ ಮೂರೂ ಒಬ್ಬಳಲ್ಲೇ ಸೇರುವುದು ನಮ್ಮ ನಾಡಿನ ಹೆಂಗಸರ ಮಟ್ಟಿಗೆ ಹಳೆಯ ಸಂಗತಿ ಎಂಬುದಕ್ಕೆ ಇದೊಂದು ಸಾಕ್ಷಿ.

ಪತಿವ್ರತೆಯ ಪಾಠದ ನಡುವೆ

ಹದಿಬದೆ ಎಂದರೆ ಪತಿವ್ರತೆ. ಸಂಸ್ಕೃತದ ಪದ ಕನ್ನಡದ ಬಾಯಲ್ಲಿ ಸವೆದು ಹೀಗಾಗಿದೆ. ಹೆಸರೇ ಹೇಳುವಂತೆ ಇದು ಹೆಂಡತಿಯ ಕರ್ತವ್ಯಗಳನ್ನು ತಿಳಿಸುವ ಕೃತಿ. ಪತಿಸೇವೆ, ಅತ್ತೆಮಾವಂದಿರ ಶುಶ್ರೂಷೆ, ವಿನಯ, ಮನೆವಾರ್ತೆಯ ಅಚ್ಚುಕಟ್ಟು ಇವುಗಳನ್ನು ಸ್ಮೃತಿ ಪುರಾಣಗಳ ಬೆಂಬಲದೊಡನೆ ಹೇಳುತ್ತದೆ. ಧರ್ಮವನ್ನು ಕ್ರಮವಾಗಿ ಬರೆದಿಡುವುದು ಆ ಆಸ್ಥಾನದ ಒಲವು. ಯಾರು ಹೇಗೆ ನಡೆಯಬೇಕು ಎಂಬುದನ್ನು ವಿಧಿಸುವ 'ಸಚ್ಛೂದ್ರಾಚಾರ ನಿರ್ಣಯ'ದಂಥ ಗ್ರಂಥ ಚಿಕ್ಕದೇವರಾಜರ ಹೆಸರಿನಲ್ಲಿದೆ. ಹೆಂಗಸರ ನಡತೆಗೊಂದು ಪುಸ್ತಕ ಬೇಕೆನಿಸಿದ್ದು ಆ ಕಾಲಕ್ಕೆ ಸಹಜ. ಅದನ್ನು ಹೆಂಗಸೊಬ್ಬಳ ಬಾಯಿಂದ ಹೇಳಿಸಿದರೆ ಇನ್ನೂ ಚೆನ್ನ ಎಂದು ತೋರಿರಲೂಬಹುದು.

ಇಷ್ಟೇ ಆಗಿದ್ದರೆ ಹೊನ್ನಮ್ಮನ ಹೆಸರು ಸಾಹಿತ್ಯ ಚರಿತ್ರೆಯ ಅಡಿಟಿಪ್ಪಣಿಯಾಗಿ ಉಳಿಯುತ್ತಿತ್ತು. ಆದರೆ ಈ ವಿಧಿನಿಷೇಧಗಳ ನಡುವೆ ಅವಳು ಕೆಲವು ಪದ್ಯಗಳಲ್ಲಿ ದನಿ ಬದಲಿಸುತ್ತಾಳೆ. ಹೆಣ್ಣಿಗೆ ಬುದ್ಧಿ ಹೇಳುತ್ತಿದ್ದವಳು ಹೆಣ್ಣನ್ನು ಹಳಿಯುವವರ ಕಡೆಗೆ ತಿರುಗುತ್ತಾಳೆ. ಹೆತ್ತವಳು ಹೆಣ್ಣಲ್ಲವೇ, ಸಾಕಿದವಳು ಹೆಣ್ಣಲ್ಲವೇ ಎಂದು ಕೇಳುತ್ತಾಳೆ. ಹೀಗಿದ್ದೂ ಹೆಣ್ಣೆಂದು ಹೀಗಳೆಯುವವರು ಕಣ್ಣಿಲ್ಲದ ಮೂಢರು ಎಂಬುದು ಅವಳ ತೀರ್ಪು. ಅದಕ್ಕೆ ಅವಳು ಬಳಸುವ 'ಗಾವಿಲ' ಎಂಬ ಹಳೆಗನ್ನಡದ ಮಾತು ಬಲು ಖಾರವಾದದ್ದು. ತಿಳಿವಳಿಕೆಯಿಲ್ಲದವನು, ಗಮಾರ ಎಂದು ಅದರ ಅರ್ಥ. ಅರಮನೆಯ ಸಂಚಿಯವಳು ಯಾರನ್ನೂ ಹೆಸರಿಸದೆ, ಕೇಳುವವರೆಲ್ಲರಿಗೂ ತಟ್ಟುವಂತೆ ಈ ಪದವನ್ನು ಇಟ್ಟಿದ್ದಾಳೆ.

ಮುಂದಿನ ವಾದ ಇನ್ನೂ ಸೂಕ್ಷ್ಮ. ಮಗ ಹುಟ್ಟಿದರೆ ಬಂದ ಹೆಚ್ಚೇನು, ಮಗಳು ಹುಟ್ಟಿದರೆ ಆದ ಕುಂದೇನು ಎಂದು ಅವಳು ಕೇಳುತ್ತಾಳೆ. ಇಬ್ಬರಲ್ಲಿ ಯಾರು ಏಳಿಗೆ ಹೊಂದುತ್ತಾರೋ ಅವರಿಂದ ಹೆತ್ತವರಿಗೆ ಇಹದಲ್ಲೂ ಪರದಲ್ಲೂ ಸುಖ ಎನ್ನುತ್ತಾಳೆ. ಇಲ್ಲಿ 'ಪರ' ಎಂಬ ಮಾತಿನ ತೂಕವನ್ನು ಗಮನಿಸಬೇಕು. ಗಂಡು ಮಗು ಬೇಕೆನ್ನುವವರು ಶಾಸ್ತ್ರದಿಂದ ತೆಗೆದು ತೋರಿಸುತ್ತಿದ್ದ ಮುಖ್ಯ ಕಾರಣ ಪರಲೋಕ. 'ಪುತ್' ಎಂಬ ನರಕದಿಂದ ಪಾರುಮಾಡುವವನು ಪುತ್ರ, ಪಿಂಡ ಹಾಕುವವನು ಮಗ, ಆದ್ದರಿಂದ ಮಗನಿಲ್ಲದೆ ಸದ್ಗತಿಯಿಲ್ಲ ಎಂಬ ನಂಬಿಕೆ ಬೇರೂರಿತ್ತು. ಸಂಪಾದನೆಯ ವಿಷಯದಲ್ಲಿ, ಮುದಿತನದ ಆಸರೆಯ ವಿಷಯದಲ್ಲಿ ಹೆಣ್ಣು ಗಂಡು ಸಮ ಎಂದರೆ ಅದು ಲೋಕದ ಮಾತಾಗುತ್ತದೆ. ಪರಲೋಕದ ಸುಖವೂ ಮಗಳಿಂದ ದೊರೆಯಬಹುದು ಎಂದರೆ ಗಂಡು ಸಂತಾನದ ಹಂಬಲಕ್ಕಿದ್ದ ಶಾಸ್ತ್ರದ ಆಧಾರವೇ ಅಲುಗುತ್ತದೆ. ಹೊನ್ನಮ್ಮ ಶಾಸ್ತ್ರವನ್ನು ಬಯ್ಯಲಿಲ್ಲ. ಶಾಸ್ತ್ರ ಒಪ್ಪಿದ ಇಹಪರ ಎಂಬ ಅಳತೆಗೋಲನ್ನೇ ಕೈಗೆ ತೆಗೆದುಕೊಂಡು ಮಗಳನ್ನೂ ಅದರಿಂದಲೇ ಅಳೆದು ತೋರಿಸಿದಳು. ಕುಲ ನೋಡಬೇಡಿ, ಲಿಂಗ ನೋಡಬೇಡಿ, ಏಳಿಗೆ ನೋಡಿ ಎಂಬ ಅರ್ಥ ಆ ಮಾತಿನ ಒಳಗೇ ಅಡಗಿದೆ.

ಎರಡು ಓದು

ಈ ಕೃತಿಯನ್ನು ಹೇಗೆ ಓದಬೇಕೆಂಬ ಬಗ್ಗೆ ಕನ್ನಡದಲ್ಲಿ ಎರಡು ನೋಟಗಳಿವೆ. ಒಂದು, ಹೊನ್ನಮ್ಮ ಹೆಣ್ಣಿನ ಪರವಾಗಿ ಎದ್ದ ಧೀರ ದನಿ ಎಂಬುದು. ಮಹಿಳಾ ದಿನಾಚರಣೆಯ ವೇದಿಕೆಗಳಲ್ಲಿ, ಭಾಷಣ ಸ್ಪರ್ಧೆಗಳಲ್ಲಿ ಕೇಳುವುದು ಈ ಹೊನ್ನಮ್ಮನನ್ನು. ಇನ್ನೊಂದು, ಆ ಒಂದೆರಡು ಪದ್ಯಗಳನ್ನು ಬಿಟ್ಟರೆ ಉಳಿದ ನಾನೂರಕ್ಕೂ ಹೆಚ್ಚು ಪದ್ಯಗಳು ಹೆಣ್ಣನ್ನು ಮನೆಯ ಕಂಬಕ್ಕೆ ಕಟ್ಟುವಂಥವೇ ಎಂಬುದು. ಸ್ತ್ರೀವಾದಿ ವಿಮರ್ಶೆ ಬಲಗೊಂಡ ಮೇಲೆ ಈ ಎರಡನೆಯ ಪ್ರಶ್ನೆ ಗಟ್ಟಿಯಾಗಿ ಕೇಳಿಬಂದಿದೆ. ಪ್ರಶ್ನೆ ನ್ಯಾಯವಾದದ್ದೇ. ಕೃತಿಯ ಬಹುಭಾಗ ಇಂದಿನ ಓದುಗಳಿಗೆ ಒಪ್ಪಿಗೆಯಾಗುವುದು ಕಷ್ಟ.

ಆದರೆ ಒಂದು ಮಾತು. ಯಾವ ಜಾಗದಲ್ಲಿ ನಿಂತು, ಯಾರ ಮುಂದೆ ಮಾತನಾಡಬೇಕಾಗಿತ್ತು ಎಂಬುದನ್ನು ಬಿಟ್ಟು ಮಾತನ್ನು ಮಾತ್ರ ತೂಗಿದರೆ ತಕ್ಕಡಿ ವಾಲುತ್ತದೆ. ಊಳಿಗದವಳಿಗೆ ಸಭೆಯಲ್ಲಿ ಬಾಯಿ ತೆರೆಯಲು ಸಿಕ್ಕ ಅವಕಾಶ ಒಂದೇ, ಹೆಂಗಸರ ಧರ್ಮವನ್ನು ಹೇಳುವುದು. ಆ ಅನುಮತಿಯ ಚೌಕಟ್ಟಿನೊಳಗೆ ಅವಳು ತನ್ನದೊಂದು ಮಾತನ್ನು ಸೇರಿಸಿದಳು. ಅರಸರ ಆಶ್ರಯದ ಕೃತಿಯಾದ್ದರಿಂದಲೇ ಓಲೆಗರಿಯಲ್ಲಿ ಅದು ಉಳಿಯಿತು. ಉಳಿದದ್ದರಿಂದಲೇ ನಾವು ಇಂದು ವಾದ ಮಾಡುತ್ತಿದ್ದೇವೆ.

ಇದೇ ಬಗೆಯ ಇಕ್ಕಟ್ಟು ಎರಡು ಶತಮಾನಗಳ ನಂತರ ಇದೇ ಹೆದ್ದಾರಿಯ ಇನ್ನೊಂದು ಊರಿನಲ್ಲಿ ಕಾಣಿಸಿಕೊಂಡಿತು. 1887ರಲ್ಲಿ ಹುಟ್ಟಿದ ನಂಜನಗೂಡು ತಿರುಮಲಾಂಬ ಹದಿನಾಲ್ಕನೆಯ ವಯಸ್ಸಿಗೆ ವಿಧವೆಯಾದರು. ಶಾಲೆಯ ದಾರಿ ಮುಚ್ಚಿದ್ದರೂ ಮನೆಯಲ್ಲೇ ಓದಿ, ಹೊಸಗನ್ನಡದ ಮೊದಲ ಲೇಖಕಿಯರಲ್ಲಿ ಒಬ್ಬರಾದರು. 1913ರಲ್ಲಿ ಅವರ 'ಸುಶೀಲೆ' ಕಾದಂಬರಿ ಬಂತು. 'ಸತೀ ಹಿತೈಷಿಣಿ' ಗ್ರಂಥಮಾಲೆ, 'ಕರ್ನಾಟಕ ನಂದಿನಿ' ಪತ್ರಿಕೆಗಳನ್ನು ಅವರೇ ನಡೆಸಿದರು. ಹೆಣ್ಣುಮಗಳೊಬ್ಬಳು ಬರೆದು, ಅಚ್ಚುಮಾಡಿಸಿ, ಓದುಗರಿಗೆ ತಲುಪಿಸುವುದು ಆ ಕಾಲಕ್ಕೆ ಸಾಹಸ. ಹಾಗಿದ್ದೂ ಅವರ ನಾಯಕಿಯರು ಸಾಧ್ವಿಯರು, ಸಹನೆಯ ಮೂರ್ತಿಗಳು. ಬರೆಯುವವಳ ಬದುಕು ಒಂದು ಕಡೆ ಹೋದರೆ ಬರಹದ ಆದರ್ಶ ಇನ್ನೊಂದು ಕಡೆ ಹೋಯಿತು. ತಮ್ಮ ಪುಸ್ತಕ ಮನೆಗಳ ಒಳಗೆ ಹೋಗಬೇಕಾದರೆ ಹೊಸ್ತಿಲಲ್ಲಿ ತಡೆಯುವವರಿಗೆ ಒಪ್ಪಿಗೆಯಾಗುವ ಹೆಸರು ಅದಕ್ಕಿರಬೇಕು ಎಂಬುದು 'ಸತೀ ಹಿತೈಷಿಣಿ'ಯಲ್ಲೂ ಇದೆ, 'ಹದಿಬದೆಯ ಧರ್ಮ'ದಲ್ಲೂ ಇದೆ. 1982ರಲ್ಲಿ ತೀರಿಕೊಂಡ ತಿರುಮಲಾಂಬರನ್ನು ಬಹುಕಾಲ ಮರೆತೇಬಿಟ್ಟಿದ್ದ ಕನ್ನಡ ಸಾಹಿತ್ಯ ಅವರನ್ನು ಮತ್ತೆ ಗುರುತಿಸಿದ್ದು ತಡವಾಗಿ.

ಕಾಡಿನ ಕಡೆಯ ಉತ್ತರ

ಅರಮನೆಯ ಹಂಗಿಲ್ಲದೆ ಮಾತನಾಡಿದ ಹೆಣ್ಣುದನಿ ಈ ಜಿಲ್ಲೆಯಲ್ಲಿ ಇತ್ತೇ ಎಂದು ಕೇಳಿದರೆ ಉತ್ತರ ಮಲೆ ಮಹದೇಶ್ವರನ ಕಾವ್ಯದಲ್ಲಿದೆ. ಕಂಸಾಳೆ ಹಿಡಿದ ದೇವರಗುಡ್ಡರು ರಾತ್ರಿಯಿಡೀ ಹಾಡುವ ಕಾವ್ಯ ಇದು. ಪಿ.ಕೆ. ರಾಜಶೇಖರ ಅವರು ಇದನ್ನು ಸಂಗ್ರಹಿಸಿ 1970ರ ದಶಕದಲ್ಲಿ ಅಚ್ಚಿಗೆ ತಂದರು. ಸಾವಿರಾರು ಸಾಲುಗಳು ಅಲ್ಲಿಯವರೆಗೆ ಹಾಡುವವರ ನೆನಪಿನಲ್ಲಿ ಮಾತ್ರ ಇದ್ದವು. ಮಂಟೇಸ್ವಾಮಿಯ ಕಥೆಯನ್ನು ತಂಬೂರಿಯೊಡನೆ ಹಾಡುವ ನೀಲಗಾರರದೂ ಇಂಥದೇ ನೆನಪು. ಚಿಕ್ಕ ವಯಸ್ಸಿನ ಹುಡುಗರು ಗುರುವಿನ ಹಿಂದೆ ಹಿಮ್ಮೇಳದಲ್ಲಿ ಕೂತು, ಪಲ್ಲವಿ ಹಿಡಿದು, ವರ್ಷಗಟ್ಟಲೆ ಕೇಳಿ ಇದನ್ನು ಕಲಿಯುತ್ತಾರೆ.

ಮಹದೇಶ್ವರನ ಕಾವ್ಯದ ಸಾಲುಗಳಲ್ಲಿ ಜನ ಬಲು ಮೆಚ್ಚುವುದು ಸಂಕಮ್ಮನ ಸಾಲು. ಸೋಲಿಗರ ನೀಲೇಗೌಡ ಕಾಡಿಗೆ ಹೊರಟಾಗ ಹೆಂಡತಿ ಸಂಕಮ್ಮನ ಮೇಲೆ ಅನುಮಾನಪಟ್ಟು, ಶೀಲಕ್ಕೆ ಭಾಷೆ ಕೊಡು, ಬಲಗೈ ಮೇಲೆ ಬಲಗೈ ಇಡು ಎನ್ನುತ್ತಾನೆ. ಸಂಕಮ್ಮ ಒಪ್ಪುವುದಿಲ್ಲ. ಅವಳು ತಪ್ಪು ಮಾಡಿದವಳಲ್ಲ, ಮಾಡುವವಳೂ ಅಲ್ಲ. ಆದರೂ ಆಣೆ ಇಡುವುದಿಲ್ಲ. ಅನುಮಾನಕ್ಕೆ ಉತ್ತರ ಕೊಟ್ಟರೆ ಅನುಮಾನವನ್ನು ಒಪ್ಪಿದಂತೆ ಆಗುತ್ತದೆ ಎಂಬ ಅರಿವು ಆ ನಿರಾಕರಣೆಯಲ್ಲಿದೆ. ಗಂಡ ಕೊಟ್ಟ ಹಿಂಸೆಯನ್ನು ಅವಳು ಅನುಭವಿಸುತ್ತಾಳೆ. ಕೊನೆಗೆ ಮಾದಪ್ಪ ಅವಳ ಕಡೆ ನಿಲ್ಲುತ್ತಾನೆ. ಅವನ ವರದಿಂದ ಕಾರಯ್ಯ, ಬಿಲ್ಲಯ್ಯ ಎಂಬ ಮಕ್ಕಳು ಅವಳಿಗೆ ಹುಟ್ಟುತ್ತಾರೆ.

ಹೊನ್ನಮ್ಮನ ಹದಿಬದೆ ಧರ್ಮವನ್ನು ಪಾಲಿಸಿ ಗೌರವ ಗಳಿಸುವವಳು. ಸಂಕಮ್ಮ ಗೌರವಕ್ಕಾಗಿ ಆಣೆಯನ್ನೇ ನಿರಾಕರಿಸುವವಳು. ಒಂದು ನಾಡಿನ ಎರಡು ದನಿಗಳು ಇವು. ಒಂದು ಅರಸರ ಓಲೆಗರಿಯಲ್ಲಿ ಉಳಿಯಿತು, ಇನ್ನೊಂದು ಭಕ್ತರ ನಾಲಗೆಯಲ್ಲಿ. ಒಂದನ್ನು ರಚಿಸಿದವಳ ಹೆಸರು ನಮಗೆ ಗೊತ್ತು, ಇನ್ನೊಂದನ್ನು ತಲೆಮಾರುಗಳು ಸೇರಿ ಕಟ್ಟಿದವು. ಎರಡನ್ನೂ ಪಕ್ಕಪಕ್ಕದಲ್ಲಿಟ್ಟು ಓದಿದಾಗ ಈ ಸೀಮೆಯ ಹೆಂಗಸರು ತಮ್ಮ ಮಾನದ ಬಗ್ಗೆ ಎಷ್ಟು ಆಳವಾಗಿ ಯೋಚಿಸಿದ್ದರು ಎಂಬುದು ಕಾಣುತ್ತದೆ.

ಪದ್ಯ ಬಾಯಿಗೆ ಬಂತು, ಮುಂದೆ?

ಹೊನ್ನಮ್ಮ ಕೇಳಿದ ಪ್ರಶ್ನೆಗೆ ಕಾನೂನುಗಳು ಬಹಳ ತಡವಾಗಿ ಓಗೊಟ್ಟವು. ಮೈಸೂರು ಸಂಸ್ಥಾನ 1894ರಲ್ಲಿ ಎಂಟು ವರ್ಷಕ್ಕಿಂತ ಚಿಕ್ಕ ಹೆಣ್ಣುಮಕ್ಕಳ ಮದುವೆಯನ್ನು ನಿಷೇಧಿಸಿತು. ಅದಕ್ಕೂ ಮುಂಚೆ, 1881ರಲ್ಲಿ ಮೈಸೂರಿನಲ್ಲಿ ಹೆಣ್ಣುಮಕ್ಕಳಿಗಾಗಿ ಮಹಾರಾಣಿ ಶಾಲೆ ಆರಂಭವಾಗಿತ್ತು. ಹಿರಿಯರ ಆಸ್ತಿಯಲ್ಲಿ ಮಗಳಿಗೂ ಮಗನಷ್ಟೇ ಪಾಲು ಎಂಬ ತಿದ್ದುಪಡಿ ಕರ್ನಾಟಕದಲ್ಲಿ ಜಾರಿಗೆ ಬಂದದ್ದು 1994ರಲ್ಲಿ. ಹುಟ್ಟುವ ಮೊದಲೇ ಮಗುವಿನ ಲಿಂಗ ಪತ್ತೆ ಮಾಡುವುದನ್ನು ತಡೆಯುವ ಕೇಂದ್ರದ ಕಾಯಿದೆಯೂ ಅದೇ 1994ರದು.

ಈ ಕೊನೆಯ ಕಾಯಿದೆ ಏಕೆ ಬೇಕಾಯಿತೆಂಬುದನ್ನು ಜನಗಣತಿ ಹೇಳುತ್ತದೆ. 2011ರ ಗಣತಿಯಲ್ಲಿ ಆರು ವರ್ಷದವರೆಗಿನ ಪ್ರತಿ ಸಾವಿರ ಗಂಡು ಮಕ್ಕಳಿಗೆ ಇದ್ದ ಹೆಣ್ಣು ಮಕ್ಕಳ ಸಂಖ್ಯೆ ದೇಶದಲ್ಲಿ 920ಕ್ಕೂ ಕಡಿಮೆ. ಕರ್ನಾಟಕದಲ್ಲಿ ಅದು ಸ್ವಲ್ಪ ಮೇಲು, ಆದರೂ 950ನ್ನು ಮುಟ್ಟಲಿಲ್ಲ. 2023ರ ಕೊನೆಯಲ್ಲಿ ಮಂಡ್ಯ ಜಿಲ್ಲೆಯ ಆಲೆಮನೆಯೊಂದರಲ್ಲಿ ಸ್ಕ್ಯಾನಿಂಗ್ ಯಂತ್ರವಿಟ್ಟು ಭ್ರೂಣಲಿಂಗ ಪತ್ತೆ ಮಾಡುತ್ತಿದ್ದ ಜಾಲವನ್ನು ಪೊಲೀಸರು ಪತ್ತೆಹಚ್ಚಿದರು. ಬೆಲ್ಲದ ಕೊಪ್ಪರಿಗೆ ಕುದಿಯುವ ಮನೆ ಹೆಣ್ಣುಕೂಸುಗಳ ಸಾವಿನ ಮೊದಲ ಮೆಟ್ಟಿಲಾಗಿದ್ದ ಸುದ್ದಿ ಕೇಳಿ ನಾಡು ಬೆಚ್ಚಿತು. ಹೊನ್ನಮ್ಮ ತನ್ನ ಪದ್ಯಗಳನ್ನು ಕಟ್ಟಿದ ಶ್ರೀರಂಗಪಟ್ಟಣ ಇರುವುದು ಇದೇ ಮಂಡ್ಯ ಜಿಲ್ಲೆಯಲ್ಲಿ.

ಅಲ್ಲಿಗೆ ಬಂದು ಹೊಟ್ಟೆಯೊಳಗಿನದು ಹೆಣ್ಣೋ ಗಂಡೋ ಎಂದು ಕೇಳಿದವರಲ್ಲಿ ಶಾಲೆ ಕಲಿತವರು ಇದ್ದೇ ಇರುತ್ತಾರೆ. ಹೊನ್ನಮ್ಮನ ಆ ಪದ್ಯವನ್ನು ಎಂದೋ ಬಾಯಿಪಾಠ ಮಾಡಿ ಅಂಕ ಪಡೆದವರೂ ಇದ್ದಿರಬಹುದು. ಪದ್ಯ ನಾಲಗೆಯ ಮೇಲೆ ನಿಲ್ಲಲೆ೦ದು ಅವಳು ಸಾಂಗತ್ಯ ಹಿಡಿದಳು, ಪ್ರಾಸ ಹೊಂದಿಸಿದಳು. ಆ ಕೆಲಸ ಅವಳು ಎಣಿಸಿದ್ದಕ್ಕಿಂತ ಚೆನ್ನಾಗಿಯೇ ಆಗಿದೆ, ಮುನ್ನೂರು ವರ್ಷವಾದರೂ ಪದ್ಯ ಮರೆತಿಲ್ಲ. ನಾಲಗೆಯಿಂದ ಅದು ನಡತೆಗೆ ಇಳಿಯುವ ಕೆಲಸವನ್ನು ಯಾವ ಛಂದಸ್ಸೂ ಮಾಡಿಕೊಡುವುದಿಲ್ಲ. ಅದು ಪದ್ಯ ಕಲಿತವರ ಪಾಲಿಗೆ ಬಿಟ್ಟದ್ದು. ಗಾವಿಲರು ಯಾರು ಎಂದು ಅವಳು ಅಂದು ಹೆಸರು ಹೇಳದೆ ಬಿಟ್ಟ ಜಾಗ ಇಂದಿಗೂ ಖಾಲಿಯಾಗಿಯೇ ಇದೆ, ಅಲ್ಲಿ ತಮ್ಮ ಹೆಸರು ಬರದಂತೆ ನೋಡಿಕೊಳ್ಳಬೇಕಾದವರು ಹೆಣ್ಣುಕೂಸಿನ ತೊಟ್ಟಿಲ ಮುಂದೆ ನಿಂತವರು.